ವಾರ್ತೆಯ ದನಿಯಲ್ಲಿ ನಾಟಕ ಆಡಿಸಿದವರಿಗೆ

ಕುದ್ರೋಳಿ, ಮಂಗಳೂರು
೧೨ ನವೆಂಬರ್ ೧೯೪೨

ರೇಡಿಯೋ ನಿಲಯದ ನಾಟಕಾಧಿಕಾರಿಗಳ ಸನ್ನಿಧಾನಕ್ಕೆ

ಮಾನ್ಯರೇ,

ಕಳೆದ ತಿಂಗಳ ಹದಿನೈದನೆಯ ತಾರೀಕು, ಗುರುವಾರ ಸಂಜೆ ಆರೂವರೆಗೆ ತಾವು ನಮ್ಮ ಅಳಿವೆ ಬಾಗಿಲಿಗೆ ಶತ್ರುವಿನ ಹಡಗು ತಂದು ನಿಲ್ಲಿಸಿದಿರಿ. ಏಳು ಗಂಟೆಗೆ ಅದನ್ನು ವಾಪಸು ಕರೆಸಿಕೊಂಡಿರಿ. ಹಡಗು ತಮ್ಮದು, ತಂದಿರಿ, ಕೊಂಡುಹೋದಿರಿ, ತಕರಾರಿಲ್ಲ. ಆದರೆ ಆ ಅರ್ಧ ಗಂಟೆಯಲ್ಲಿ ನಮ್ಮವು ಎರಡು ಕೈಬಿಟ್ಟುಹೋದವು. ಒಂದು, ಮುದ್ದು ಎಂಬ ಮುದುಕಿಯ ಜೀವ. ಅದು ಇನ್ನು ಬರುವುದಿಲ್ಲ. ಇನ್ನೊಂದು, ಚನಿಯ ಎಂಬ ಮೀನುಗಾರನ ಬಿಡುಗಡೆ. ಅದು ಇನ್ನೂ ಪೂರ್ತಿ ಹೋಗಿಲ್ಲ, ಈ ತಿಂಗಳ ಇಪ್ಪತ್ತಮೂರರ ಸೋಮವಾರದವರೆಗೆ ತಮ್ಮ ಮೇಜಿನ ಮೇಲೆ ಕೂತಿರುತ್ತದೆ. ತಾವು ಒಂದು ಸಾಲು ಬರೆದರೆ ಅವನು ಮನೆಗೆ, ಬರೆಯದಿದ್ದರೆ ಸೆರೆಮನೆಗೆ. ಆ ಒಂದು ಸಾಲನ್ನು ಬೇಡಿ ಮೂರು ಪತ್ರ ಬರೆದೆ. ನಾಲ್ಕನೆಯದನ್ನು ಪೇಪರಿನಲ್ಲಿ, ಊರಿನ ಎದುರಿಗೇ ಬರೆಯುತ್ತಿದ್ದೇನೆ.

ಉತ್ತರವೇ ಬರಲಿಲ್ಲ ಎಂದರೆ ಸುಳ್ಳಾದೀತು. ಮೊದಲನೆಯ ಪತ್ರಕ್ಕೆ ತಮ್ಮ ಕಚೇರಿಯಿಂದ ಅಚ್ಚಾದ ಕಾರ್ಡೊಂದು ಬಂತು. "ತಮ್ಮ ಮೆಚ್ಚುಗೆಯ ಪತ್ರ ತಲುಪಿದೆ. ನಮ್ಮ ನಾಟಕವು ತಮ್ಮ ಮನಸ್ಸಿನ ಮೇಲೆ ಪರಿಣಾಮ ಬೀರಿದ್ದು ಸಂತೋಷ. ಮುಂದೆಯೂ ಕೇಳುತ್ತಿರಿ." ನನ್ನ ಪತ್ರದಲ್ಲಿ ಒಂದು ಸಾವು, ಒಂದು ದಸ್ತಗಿರಿ, ಮುನ್ನೂರು ಜನರ ಓಟ ಇತ್ತು. ಇವುಗಳಲ್ಲಿ ಮೆಚ್ಚುಗೆ ಯಾವುದು ಎಂದು ನಾನು ಕಾರ್ಡನ್ನು ಹಿಂದೆ ಮುಂದೆ ತಿರುಗಿಸಿ ಹುಡುಕಿದೆ. ಎರಡನೆಯ ಪತ್ರಕ್ಕೂ ಅದೇ ಕಾರ್ಡು ಬಂತು. ಮೂರನೆಯದಕ್ಕೆ ಕಾರ್ಡೂ ಬರಲಿಲ್ಲ. ಪ್ರಾಯಶಃ ಅಚ್ಚು ಹಾಕಿಸಿದ್ದು ಮುಗಿಯಿತು.

ತಾವು ಕುಳಿತಲ್ಲಿ ಗೋಡೆಗೆ ಚಾಪೆ ಹೊದೆಸಿದ ಕೋಣೆ ಇದೆಯಂತೆ, ಹೊರಗಿನ ಸದ್ದು ಒಳಗೆ ಬಾರದಂತೆ. ಆದುದರಿಂದ ತಮ್ಮ ದನಿ ಇಲ್ಲಿ ಹೇಗೆ ಕೇಳಿಸುತ್ತದೆ ಎಂಬುದು ತಮಗೆ ತಿಳಿದಿರಲಿಕ್ಕಿಲ್ಲ. ಹೇಳುತ್ತೇನೆ. ಕುದ್ರೋಳಿಯ ನಮ್ಮ ಓಣಿಯಲ್ಲಿ ಒಂದು ಸಣ್ಣ ವಾಚನಾಲಯವಿದೆ, ಅದರಲ್ಲಿ ಒಂದು ರೇಡಿಯೋ ಪೆಟ್ಟಿಗೆ, ಮಾಡಿನ ಅಂಚಿಗೆ ಕಟ್ಟಿದ ಒಂದು ತಗಡಿನ ಕಹಳೆ. ಅದನ್ನು ನೋಡಿಕೊಳ್ಳುವವರು ಎದುರಿನ ಬೀಡಿ ಅಂಗಡಿಯ ಹಾಶಿಂ ಬ್ಯಾರಿ. ಪೆಟ್ಟಿಗೆ ಓಡುವುದು ಬ್ಯಾಟರಿಯಿಂದ, ಬ್ಯಾಟರಿಗೆ ವಿದ್ಯುತ್ತು ತುಂಬಿಸಲು ವಾರಕ್ಕೊಮ್ಮೆ ಹಂಪನಕಟ್ಟೆಗೆ ತಲೆಹೊರೆಯಲ್ಲಿ ಹೋಗಬೇಕು, ಅದರೊಳಗಿನ ಆಸಿಡ್ಡು ತುಳುಕದಂತೆ ನಡೆಯಬೇಕು. ಹಾಗಾಗಿ ಹಾಶಿಂ ಬ್ಯಾರಿ ಕೈಗಡಿಯಾರ ಹಿಡಿದು ಕೂತು, ವಾರ್ತೆ ಶುರುವಾಗುವ ಆರೂವರೆಗೆ ಸರಿಯಾಗಿ ಪೆಟ್ಟಿಗೆ ಹಚ್ಚುತ್ತಾರೆ, ವಾರ್ತೆ ಮುಗಿದ ಕೂಡಲೆ ಆರಿಸುತ್ತಾರೆ. ಒಮ್ಮೆ ಸಂಗೀತ ಸ್ವಲ್ಪ ಕೇಳೋಣ ಎಂದಿದ್ದಕ್ಕೆ, "ಹಾಡು ತುಂಬ ಬ್ಯಾಟರಿ ಕುಡೀತದೆ ಮಾಸ್ಟ್ರೆ, ಮಾತು ಅಷ್ಟು ಕುಡಿಯುವುದಿಲ್ಲ," ಎಂದರು. ವಿಜ್ಞಾನ ಏನು ಹೇಳುತ್ತದೋ ನಾನರಿಯೆ. ನಮ್ಮ ಓಣಿಯಲ್ಲಿ ಎರಡು ವರ್ಷದಿಂದ ರೇಡಿಯೋ ಎಂದರೆ ವಾರ್ತೆ, ವಾರ್ತೆ ಎಂದರೆ ರೇಡಿಯೋ. ಆ ಪೆಟ್ಟಿಗೆ ಬೇರೆ ಯಾವ ಮಾತನ್ನೂ ಆಡಬಲ್ಲದು ಎಂಬುದೇ ಇಲ್ಲಿನ ಜನಕ್ಕೆ ಗೊತ್ತಿರಲಿಲ್ಲ.

ಇನ್ನು ನನ್ನ ಪಾತ್ರ. ನಾನು ಕನ್ನಡ ಕಲಿತು ಬಿ.ಎ. ಮಾಡಿದವನು, ಇಪ್ಪತ್ತೆರಡು ವರ್ಷಗಳಿಂದ ಮಕ್ಕಳಿಗೆ ಸಂಧಿ ಸಮಾಸ ಕಲಿಸುತ್ತ ನಲುವತ್ತಾರಕ್ಕೆ ಬಂದು ನಿಂತಿದ್ದೇನೆ. ತಮ್ಮ ವಾರ್ತೆಯ ಕನ್ನಡ ಗಂಧ ಹಚ್ಚಿ, ಶಾಲು ಹೊದ್ದು ಬರುವ ಕನ್ನಡ. ನಮ್ಮ ಓಣಿಯವರದು ತುಳು, ಬ್ಯಾರಿ, ಕೊಂಕಣಿ. "ಪ್ರತ್ಯಾಕ್ರಮಣ" ಎಂದರೆ ಅವರಿಗೆ ಯಾರೋ ನೆಂಟರ ಹೆಸರು ಕೇಳಿದ ಹಾಗೆ ಆಗುತ್ತಿತ್ತು. ಹೀಗಾಗಿ ಸಂಜೆಯ ಹೊತ್ತು ಕಹಳೆಯ ಕೆಳಗೆ ಸ್ಟೂಲಿನ ಮೇಲೆ ನಿಂತು, ತಾವು ಹೇಳಿದ್ದನ್ನು ಆಗಿಂದಾಗ ತುಳುವಿಗೆ ತಿರುಗಿಸಿ ಹೇಳುವ ಕೆಲಸ ನನ್ನದಾಯಿತು. ಸಂಬಳವಿಲ್ಲ, ಸತ್ಕಾರವಿಲ್ಲ, ಮುದುಕಿಯರು ಮಾತ್ರ ಆಗಾಗ ಒಂದು ವೀಳ್ಯದೆಲೆ ಕೊಡುತ್ತಿದ್ದರು. ನನಗೊಂದು ಕೆಟ್ಟ ಚಟವಿದೆ, ಪ್ರಾಸದ್ದು. ದಿನದ ವಾರ್ತೆಯ ಸಾರವನ್ನು ಕೊನೆಗೆ ಎರಡು ಸಾಲಿನ ಪ್ರಾಸದಲ್ಲಿ ಹೇಳಿ ಸ್ಟೂಲಿನಿಂದ ಇಳಿಯುವುದು ರೂಢಿ. ಮರುದಿನ ಬೆಳಗ್ಗೆ ಮೀನು ಮಾರುವ ಹೆಂಗಸರು ಬುಟ್ಟಿಯ ಜತೆಗೆ ಆ ಎರಡು ಸಾಲನ್ನೂ ಹೊತ್ತು ಫಳ್ನೀರಿನ ಮನೆಮನೆಗೆ ಮುಟ್ಟಿಸುತ್ತಿದ್ದರು. ನನಗೆ ಅದರಲ್ಲಿ ಗುಟ್ಟಿನ ಹೆಮ್ಮೆಯೂ ಇತ್ತು ಎಂದು ಒಪ್ಪಿಕೊಳ್ಳುತ್ತೇನೆ.

ಮೂರನೆಯವನು ಚನಿಯ. ಅವನ ಕೆಲಸ ತಮಗೆ ಸ್ವಲ್ಪ ಬಿಡಿಸಿ ಹೇಳಬೇಕು, ಯಾಕೆಂದರೆ ಪೊಲೀಸರಿಗೆ ಅದು ಇನ್ನೂ ಅರ್ಥವಾಗಿಲ್ಲ. ಹೊಳೆಯಾಚೆ ಬೆಂಗ್ರೆಯ ಕಡಲಕರೆಯಲ್ಲಿ ರಂಪಣಿ ಬಲೆ ಹಾಕುತ್ತಾರೆ. ಅರ್ಧ ಮೈಲಿ ಉದ್ದದ ಬಲೆ, ಎಳೆಯಲು ನೂರು ಕೈ ಬೇಕು. ಆ ನೂರು ಜನ ಬಲೆ ಹೆಣೆಯುತ್ತಲೋ ನಿದ್ದೆ ಮಾಡುತ್ತಲೋ ಕಾಯುತ್ತಾರೆ. ಒಬ್ಬ ಮಾತ್ರ ಎತ್ತರದ ಮರಳದಿಬ್ಬದ ಮೇಲೆ ನಿಂತು ನೀರು ನೋಡುತ್ತಾನೆ. ದೂರದಲ್ಲಿ ನೀರಿನ ಬಣ್ಣ ಕಪ್ಪಾಗಿ ನಡುಗಿತೆಂದರೆ ಅಲ್ಲಿ ಬಂಗುಡೆಯ ಹಿಂಡು. ಅವನು ಎರಡು ಕೈ ಬಾಯಿಗೆ ಹಿಡಿದು ಒಂದು ಕೂಗು ಹಾಕುತ್ತಾನೆ. ಕೂಗು ಬಿದ್ದ ಮೇಲೆ ಯಾರೂ "ಎಲ್ಲಿ, ಎಷ್ಟು, ಖಂಡಿತವಾ?" ಎಂದು ಕೇಳುವುದಿಲ್ಲ. ಕೇಳುವಷ್ಟರಲ್ಲಿ ಮೀನು ಹೋಗಿರುತ್ತದೆ. ಕೂಗಿದ ಎಂದರೆ ಎದ್ದು ಓಡುವುದೇ. ನಮ್ಮಲ್ಲಿ ಹದಿನಾಲ್ಕು ವರ್ಷದಿಂದ ಆ ಕೂಗು ಚನಿಯನದು. ಅವನ ಕೂಗು ಒಮ್ಮೆಯೂ ಸುಳ್ಳಾದದ್ದಿಲ್ಲ.

ಆ ಗುರುವಾರ ತಾವು ಆರೂಕಾಲಿಗೇ "ಈಗ ಒಂದು ನಾಟಕ" ಎಂದು ಹೇಳಿದಿರಂತೆ, ವಾರ್ತೆ ಏಳು ಗಂಟೆಗೆ ಎಂದೂ ಹೇಳಿದಿರಂತೆ. ಹೇಳಿರಬಹುದು. ಪೇಪರಿನ ಕಾರ್ಯಕ್ರಮದ ಪಟ್ಟಿಯಲ್ಲಿ "ವಿಶೇಷ ಕಾರ್ಯಕ್ರಮ" ಎಂದಷ್ಟೇ ಇತ್ತು. ಹಾಶಿಂ ಬ್ಯಾರಿ ಎಂದಿನಂತೆ ಆರೂವರೆಗೆ ಕೀಲಿ ತಿರುಗಿಸಿದರು. ಎಂದಿನಂತೆ ವಾರ್ತೆ ಓದುವ ಅದೇ ಗಂಭೀರ ಕಂಠ ಕೇಳಿಸಿತು. ನಾವು ಎರಡು ವರ್ಷದಿಂದ ನಂಬಿದ ಕಂಠ, ಚೈತ್ರಮಾಸದಲ್ಲಿ ವಿಶಾಖಪಟ್ಟಣದ ಮೇಲೆ ಬಾಂಬು ಬಿದ್ದಿತೆಂದು ಹೇಳಿದ ಕಂಠ. ಅಂದು ಅದನ್ನು ಕೇಳಿ ನಕ್ಕವರು ಮರುದಿನ ಪೇಪರು ನೋಡಿ ಬಾಯಿ ಮುಚ್ಚಿಕೊಂಡಿದ್ದರು. ಅದೇ ಕಂಠ ಈಗ ಹೇಳಿತು: "ಈ ಕ್ಷಣ ಬಂದ ಸುದ್ದಿ. ಪಶ್ಚಿಮ ಕರಾವಳಿಯ ಬಂದರೊಂದರ ಹೊರಗೆ ಶತ್ರುವಿನ ಯುದ್ಧನೌಕೆ ಕಾಣಿಸಿಕೊಂಡಿದೆ. ಎರಡು ಹೊಳೆಗಳು ಕೂಡಿ ಕಡಲು ಸೇರುವ ಅಳಿವೆಯತ್ತ ಅದು ಮುಂದೊತ್ತುತ್ತಿದೆ. ಹಂಚಿನ ಕಾರ್ಖಾನೆಗಳ ಹೊಗೆಗೊಳವೆಗಳು ಅದರ ಗುರಿಯಿರಬಹುದು."

ಮಾನ್ಯರೇ, ಊರಿನ ಹೆಸರು ಹೇಳದೆ ವಿಳಾಸವನ್ನೆಲ್ಲ ಹೇಳಿದಿರಿ. ಎರಡು ಹೊಳೆ ಕೂಡಿ ಕಡಲು ಸೇರುವ, ಹಂಚಿನ ಗೊಳವೆಗಳಿರುವ ಬಂದರು ಈ ಕಡಲಕರೆಯಲ್ಲಿ ಎಷ್ಟು ಉಂಟು? ಆಮೇಲೆ ಗುಂಡಿನ ಸದ್ದು, ಹೆಂಗಸೊಬ್ಬಳ ಚೀರಾಟ, "ನಾನು ಬಂದರಿನಿಂದ ಮಾತಾಡುತ್ತಿದ್ದೇನೆ, ನೀರಿನ ಮೇಲೆ ಬೆಂಕಿ" ಎನ್ನುವ ಯಾರದೋ ಏದುಸಿರು. ಎಲ್ಲ ತಮ್ಮ ಚಾಪೆಯ ಕೋಣೆಯಲ್ಲಿ ತಗಡು ಬಡಿದು ಮಾಡಿದ್ದು ಎಂದು ಈಗ ಗೊತ್ತು. ಬಹಳ ಚೆನ್ನಾಗಿ ಬಡಿದಿರಿ. ಅಷ್ಟರಲ್ಲೇ ಯಾವುದೋ ಹಂಚಿನ ಕಾರ್ಖಾನೆಯಿಂದ ಸಂಜೆಯ ಸಿಳ್ಳೆ ಕೂಗಿತು. ದಿನವೂ ಕೂಗುವ ಸಿಳ್ಳೆ. ಆದರೆ ಅಂದು ಅದೂ ತಮ್ಮ ನಾಟಕದಲ್ಲಿ ವೇಷ ಹಾಕಿಕೊಂಡು ಬಂತು.

ಸ್ಟೂಲಿನ ಮೇಲಿದ್ದವನು ನಾನು. ಬಿ.ಎ. ಪಾಸಾದವನು ನಾನು. ಒಂದು ಗಳಿಗೆ ತಡೆದು, ವಾರ್ತೆಯಲ್ಲಿ ಹೆಂಗಸು ಯಾಕೆ ಚೀರುತ್ತಾಳೆ ಎಂದು ಯೋಚಿಸಬೇಕಾಗಿದ್ದವನೂ ನಾನೇ. ಯೋಚಿಸಲಿಲ್ಲ. ಕೆಳಗಿನಿಂದ ನೂರು ಮುಖ ನನ್ನನ್ನೇ ನೋಡುತ್ತಿದ್ದವು. ಬಾಯಿಂದ ಹೊರಬಿದ್ದದ್ದು ಅದೇ ಹಳೆಯ ಚಟ. ತುಳುವಿನಲ್ಲಿ ಹೇಳಿದೆ, ಕನ್ನಡದಲ್ಲಿ ಅದು ಹೀಗೆ:

ಅಳಿವೆಗೆ ಬಂತು ಬೆಂಕಿಯ ಹಡಗು,
ಗುಡ್ಡೆಗೆ ಏರು, ಇಲ್ಲದೆ ಅಡಗು.

ಪ್ರಾಸವಿಲ್ಲದಿದ್ದರೆ ಆ ಸುದ್ದಿ ನಾಲ್ಕು ಮನೆ ದಾಟುವಷ್ಟರಲ್ಲಿ ದಣಿದು ಕೂರುತ್ತಿತ್ತು. ಪ್ರಾಸಕ್ಕೆ ಕಾಲು ಬಂತು. ಗುಂಪಿನಲ್ಲಿದ್ದ ಚನಿಯ ಹೊರಗೆ ಹಾರಿ, ಎರಡು ಕೈ ಬಾಯಿಗೆ ಹಿಡಿದು, ಹೊಳೆಬದಿಯ ಮನೆಗಳ ಕಡೆಗೆ ತಿರುಗಿ ಅದನ್ನೇ ಕೂಗಿದ. ಚನಿಯನ ಕೂಗು. ಮುನ್ನೂರು ಜನ ಎದ್ದು ಓಡಿದರು.

ಆ ಓಟವನ್ನು ತಾವು ನೋಡಬೇಕಿತ್ತು. ಅಂಥ ದೃಶ್ಯ ರೇಡಿಯೋದಲ್ಲಿ ತೋರಿಸಲಾಗದು. ಒಲೆಯ ಮೇಲಿನ ಅನ್ನ ಒಲೆಯ ಮೇಲೆಯೇ ಇತ್ತು. ಒಬ್ಬರು ಗೋಡೆಗಡಿಯಾರ ಬಗಲಲ್ಲಿಟ್ಟುಕೊಂಡು ಜೆಪ್ಪುವಿನವರೆಗೆ ಓಡಿದರು, ಅದು ದಾರಿಯುದ್ದಕ್ಕೂ ಗಂಟೆ ಹೊಡೆಯುತ್ತಲೇ ಇತ್ತಂತೆ. ಒಬ್ಬಾಕೆ ದನದ ಹಗ್ಗ ಬಿಚ್ಚಿದಳು, ಅತ್ತೆಯನ್ನು ಮರೆತಳು. ಅತ್ತೆ ಸೊಸೆಗಿಂತ ಮೊದಲೇ ಗುಡ್ಡೆಯ ಮೇಲೆ ಸಿಕ್ಕಿದ್ದು ಬೇರೆ ಮಾತು. ಇವನ್ನೆಲ್ಲ ಹೇಳಿ ಈಗ ನಗುವವರು ಇದ್ದಾರೆ. ಹಂಚಿನ ಕಾರ್ಖಾನೆಯ ಹಿಂದಿನ ಇಕ್ಕಟ್ಟು ಓಣಿಯ ಸುದ್ದಿ ಬಂದಾಗ ಅವರೂ ನಗು ನಿಲ್ಲಿಸುತ್ತಾರೆ. ಮುದ್ದಕ್ಕ ಅಲ್ಲಿ ಬಿದ್ದದ್ದು. ಎಪ್ಪತ್ತು ದಾಟಿದ ಹೆಂಗಸು, ಚನಿಯನ ತಾಯಿಯ ತಂಗಿ. ತಾಯಿ ಸತ್ತಮೇಲೆ ಅವನನ್ನು ಮೀನು ಮಾರಿ ಸಾಕಿದವಳು. ಹಿಂದಿನಿಂದ ಬಂದವರಿಗೆ ಕಾಲ ಕೆಳಗೆ ಏನೆಂದು ಕಾಣಿಸುವಷ್ಟು ಬೆಳಕು ಇರಲಿಲ್ಲ.

ಏಳು ಗಂಟೆಗೆ ತಾವು "ಶ್ರೋತೃಗಳೇ, ಇದುವರೆಗೆ ಕೇಳಿದ್ದು ನಾಟಕ" ಎಂದಿರಿ. ನಮ್ಮ ಓಣಿಯಲ್ಲಿ ಅದನ್ನು ಕೇಳಿದ್ದು ಒಬ್ಬರೇ ಒಬ್ಬರು. ಬ್ಯಾಟರಿಯನ್ನು ಬಿಟ್ಟುಹೋಗಲು ಮನಸ್ಸಿಲ್ಲದೆ ಅದರ ತಂತಿ ಬಿಚ್ಚುತ್ತ ಕೂತಿದ್ದ ಹಾಶಿಂ ಬ್ಯಾರಿ. ಅವರು ಲುಂಗಿ ಎತ್ತಿಕಟ್ಟಿ ಗುಡ್ಡೆಯವರೆಗೂ ಓಡುತ್ತ, "ನಾಟಕ ಮಾರಾಯ್ರೆ, ನಾಟಕ, ಹಿಂದಕ್ಕೆ ಬನ್ನಿ," ಎಂದು ಗಂಟಲು ಹರಿದುಕೊಂಡರು. ಯಾರು ನಿಲ್ಲುತ್ತಾರೆ? ಓಡಿರಿ ಎಂದದ್ದು ಚನಿಯ. ನಿಲ್ಲಿರಿ ಎನ್ನುವುದು ಬೀಡಿ ಅಂಗಡಿಯವರು.

ಫಳ್ನೀರಿನ ಆಸ್ಪತ್ರೆಯಲ್ಲಿ ಮುದ್ದಕ್ಕ ಮೂರು ದಿನ ಇದ್ದಳು. ಎರಡನೆಯ ದಿನ ನಾನು ಹೋದಾಗ ಕಣ್ಣು ಬಿಟ್ಟಳು. ಚನಿಯ ಕಾಲಿನ ಹತ್ತಿರ ಕೂತಿದ್ದ.

"ಎಂತ ಮಾಸ್ಟ್ರೆ, ಬಂದನಾ ಅವ?"

"ಯಾರು ಮುದ್ದಕ್ಕ?"

"ಹಡಗಿನವ."

"ಬರ್ಲಿಲ್ಲ. ಅದು ನಾಟಕ ಅಂತೆ."

"ಯಾರ ಮೇಳದ್ದು?"

"ರೇಡಿಯೋದವರದ್ದು."

"ಚೆಂಡೆ ಇಲ್ಲ, ದೀವಟಿಗೆ ಇಲ್ಲ, ಇದು ಎಂತ ಮೇಳ ಮಾರಾಯ್ರೆ. ಆಟ ಆಡಿದ್ದು ಅವರು, ಕುಣಿದದ್ದು ನಾವು." ಉಸಿರು ಸಾಲದೆ ನಿಲ್ಲಿಸಿದಳು. ಆಮೇಲೆ ಚನಿಯನ ಕಡೆ ಬೆರಳು ತೋರಿಸಿ, "ಇವನಿಗೆ ಬೈಬೇಡಿ. ಇವನ ಗಂಟಲೇ ಹಾಗೆ. ತೊಟ್ಟಿಲಿನಲ್ಲಿಯೂ ಊರು ಏಳಿಸ್ತಿದ್ದ," ಎಂದಳು.

ಅವಳು ತೀರಿಕೊಂಡ ಐದನೆಯ ದಿನ ಚನಿಯನನ್ನು ಹಿಡಿದರು. ಭಾರತ ರಕ್ಷಣಾ ನಿಯಮದ ಕೆಳಗೆ ಎರಡು ಆರೋಪ: ಯುದ್ಧಕಾಲದಲ್ಲಿ ಜನರನ್ನು ಹೆದರಿಸುವ ಸುಳ್ಳು ಸುದ್ದಿ ಹಬ್ಬಿಸಿದ್ದು, ಅದರಿಂದ ಒಂದು ಸಾವಾದದ್ದು. ತನ್ನನ್ನು ಸಾಕಿದವಳ ಸಾವಿಗೆ ತಾನೇ ಆರೋಪಿ. ಅವಳ ಬೊಜ್ಜಕ್ಕೆ, ಹದಿಮೂರನೆಯ ದಿನದ ಕಾರ್ಯಕ್ಕೆ, ಅವನು ಇರಲಿಲ್ಲ. ಅವನ ಹೆಂಡತಿ ದೇಯಿ ಬೇರೆಯವರ ಕೈಯಲ್ಲಿ ಮಾಡಿಸಿದಳು.

ಈಗ ತಮ್ಮ ಕಚೇರಿಯ ಶ್ರೇಷ್ಠ ಸಾಧನೆಗೆ ಬರುತ್ತೇನೆ. ಪೊಲೀಸರು ತಮ್ಮ ನಿಲಯಕ್ಕೆ ಬರೆದು ಕೇಳಿದರು: "ಅಕ್ಟೋಬರ್ ಹದಿನೈದರ ಸಂಜೆಯ ವಾರ್ತೆಯಲ್ಲಿ ಶತ್ರುನೌಕೆಯ ಸುದ್ದಿ ಇತ್ತೆ?" ನಾಲ್ಕೇ ದಿನದಲ್ಲಿ, ಮೊಹರು ಸಮೇತ, ಉತ್ತರ ಹೋಯಿತು: "ಸದರಿ ದಿನದ ವಾರ್ತೆಯಲ್ಲಿ ಅಂತಹ ಯಾವುದೇ ವಿಷಯ ಪ್ರಸಾರವಾಗಿರುವುದಿಲ್ಲ." ಎಂಥ ಅಪ್ಪಟ ಸತ್ಯ. ವಾರ್ತೆ ಕೇಳಿದರು, ವಾರ್ತೆಯದ್ದು ಹೇಳಿದಿರಿ. ನಾಟಕದ ಬಗ್ಗೆ ಕೇಳಲಿಲ್ಲ, ಹೇಳಲಿಲ್ಲ. ಕೇಳಿದ್ದಕ್ಕಷ್ಟೇ ಉತ್ತರ ಕೊಡಬೇಕೆಂದು ನಾನೂ ಮಕ್ಕಳಿಗೆ ಪರೀಕ್ಷೆಯ ಹೊತ್ತು ಹೇಳುತ್ತೇನೆ. ಅದು ಒಬ್ಬನ ಕುತ್ತಿಗೆಗೆ ಬರುತ್ತದೆ ಎಂದು ತಿಳಿದಿರಲಿಲ್ಲ. ಆ ಒಂದು ಕಾಗದ ಈಗ ಕೋರ್ಟಿನಲ್ಲಿ ಇದೆ. ಅದರ ಪ್ರಕಾರ ರೇಡಿಯೋ ಏನೂ ಹೇಳಲಿಲ್ಲ. ಹಾಗಾದರೆ ಹಡಗು ಎಲ್ಲಿಂದ ಬಂತು? ಚನಿಯನ ತಲೆಯಿಂದ. ಸರಕಾರಿ ವಕೀಲರು ಇನ್ನೂ ಒಂದು ಹೆಜ್ಜೆ ಮುಂದೆ ಹೋದರು. ಆರೋಪಿಯ ಮಾತಿನಲ್ಲಿ ಪ್ರಾಸವಿದೆ. ಗಾಬರಿಯಲ್ಲಿ ಕೂಗುವವನಿಗೆ ಪ್ರಾಸ ಹೊಳೆಯುವುದಿಲ್ಲ. ಆದುದರಿಂದ ಇದು ಮೊದಲೇ ಕಟ್ಟಿಟ್ಟ ಮಾತು, ಪೂರ್ವಸಿದ್ಧತೆ ಸ್ಪಷ್ಟ, ಎಂದು ವಾದಿಸಿದರು. ನನ್ನ ಪದ್ಯಕ್ಕೆ ಜೀವಮಾನದಲ್ಲಿ ಸಿಕ್ಕಿದ ಒಂದೇ ವಿಮರ್ಶೆ ಇದು.

ಊರಿನಲ್ಲಿ ರೇಡಿಯೋ ಇರುವ ದೊಡ್ಡ ಮನೆಗಳು ಹತ್ತಾರು ಇವೆ. ಅಲ್ಲಿನವರು ನಾಟಕವನ್ನು ಮೊದಲಿನಿಂದ ಕೇಳಿದ್ದಾರೆ, ಮೆಚ್ಚಿದ್ದಾರೆ, ಮರುದಿನ ಕ್ಲಬ್ಬಿನಲ್ಲಿ ಹೊಗಳಿದ್ದಾರೆ. ಯುದ್ಧಕಾಲದ ಕೇಸಿನಲ್ಲಿ ಸಾಕ್ಷಿ ಹೇಳಿ ಎಂದು ಹೋದರೆ, ಆ ಸಂಜೆ ಎಲ್ಲರಿಗೂ ಒಟ್ಟಿಗೆ ತಲೆನೋವು ಬಂದಿತ್ತು.

ಚನಿಯನ ಪರವಾಗಿ ನಿಂತವರು ಬೆನೆಡಿಕ್ಟ್ ವಕೀಲರು. ನಾನೇ ಸಾಕ್ಷಿಗೆ ಬರುತ್ತೇನೆ ಎಂದು ಅವರ ಮನೆಗೆ ಹೋದೆ.

"ಬಂದು ಎಂತ ಹೇಳ್ತೀರಿ ಮಾಸ್ಟ್ರೆ?"

"ನಾನು ಹೇಳಿದ್ದನ್ನೇ ಅವ ಕೂಗಿದ ಅಂತ."

"ನಿಮಗೆ ಯಾರು ಹೇಳಿದ್ದು?"

"ರೇಡಿಯೋ."

"ರೇಡಿಯೋದವರು ಹೇಳ್ಲಿಲ್ಲ ಅಂತ ಬರೆದು ಕೊಟ್ಟಿದ್ದಾರಲ್ಲ. ಆ ಕಾಗದ ಇರುವಷ್ಟು ದಿನ ನೀವು ಸಾಕ್ಷಿ ಅಲ್ಲ, ಎರಡನೇ ಆರೋಪಿ. ಒಬ್ಬ ಹೇಳಿದ್ರೆ ವದಂತಿ. ಇಬ್ಬರು ಸೇರಿ ಹೇಳಿದ್ರೆ ಪಿತೂರಿ. ಅವನಿಗೂ ಹೆಚ್ಚು ಬೀಳ್ತದೆ, ನಿಮಗೂ ಬೀಳ್ತದೆ."

"ಹಾಶಿಂ ಬ್ಯಾರಿಗಳೂ ಬರ್ತೇನೆ ಅಂತ ಹೇಳ್ತಾರೆ."

"ಬರ್ಲಿ. ಮೂರು ಜನ ಆಯ್ತು. ಪೇಪರಿನಲ್ಲಿ ಫೋಟೋ ಹಾಕ್ತಾರೆ."

ಅವರು ತಮ್ಮ ನಿಲಯಕ್ಕೆ ಸಮನ್ಸ್ ಕಳಿಸಬೇಕೆಂದು ಅರ್ಜಿ ಹಾಕಿದರು. ಯುದ್ಧಕಾರ್ಯದಲ್ಲಿರುವ ನಿಲಯದ ಅಧಿಕಾರಿಗಳನ್ನು ಇಷ್ಟು ದೂರ ಕರೆಸಲಾಗದು, ಅವರಾಗಿ ಬರೆದು ಕಳಿಸಿದರೆ ಇಪ್ಪತ್ತಮೂರರಂದು ನೋಡೋಣ, ಎಂದು ಆಜ್ಞೆಯಾಯಿತು. "ಅವರಾಗಿ ಬರೆದು ಕಳಿಸಿದರೆ." ಈ ಮೂರು ಶಬ್ದಗಳನ್ನು ಹಿಡಿದುಕೊಂಡು ನಾನು ದಿನವೂ ಅಂಚೆಯವನ ದಾರಿ ಕಾಯುತ್ತಿದ್ದೇನೆ.

ಜೈಲಿನಲ್ಲಿ ಚನಿಯನನ್ನು ನೋಡಲು ಒಮ್ಮೆ ಬಿಟ್ಟರು. ಅವನು ಮೊದಲು ಹೇಳಿದ್ದು, "ನಿಮ್ಮ ಹೆಸರು ನಾನು ಹೇಳ್ಲಿಲ್ಲ ಮಾಸ್ಟ್ರೆ. ಹೇಳುವುದೂ ಇಲ್ಲ. ನಿಮಗೆ ಶಾಲೆ ಉಂಟಲ್ಲ." ಅವನನ್ನು ಹೊಡೆದು ಕೇಳಿದ್ದಾರೆ, ಯಾರು ಹೇಳಿಕೊಟ್ಟದ್ದು ಎಂದು. ರೇಡಿಯೋ ಎಂದಷ್ಟೇ ಹೇಳಿದ್ದಾನೆ. ಆಮೇಲೆ ಕೇಳಿದ, "ಈಗ ಕಡಲಕರೆಯಲ್ಲಿ ಯಾರು ನೋಡ್ತಾರೆ?" ನಾನು ಯಾರೋ ಒಬ್ಬರ ಹೆಸರು ಹೇಳಿದೆ. "ಅವ ಆಗಬಹುದು. ಕಣ್ಣು ಒಳ್ಳೆಯದು ಉಂಟು," ಎಂದ. ಅವನಿಗೆ ನಾನು ಹೇಳದೆ ಬಿಟ್ಟದ್ದನ್ನು ತಮಗೆ ಹೇಳುತ್ತೇನೆ. ಆ ಇನ್ನೊಬ್ಬ ಕೂಗುತ್ತಾನೆ. ಜನ ಏಳುತ್ತಾರೆ. ಆದರೆ ಎದ್ದವರು ನಿಂತು ಒಬ್ಬರ ಮುಖ ಒಬ್ಬರು ನೋಡುತ್ತಾರೆ. ಯೋಚನೆ ಮಾಡುತ್ತಾರೆ. ಅವರು ಯೋಚನೆ ಮಾಡಿ ಮುಗಿಸುವಷ್ಟು ಹೊತ್ತು ಬಂಗುಡೆ ಕಾಯುವುದಿಲ್ಲ. ನಾಳೆ ನಿಜವಾಗಿ ಹಡಗು ಬಂದು, ತಾವು ನಿಜವಾದ ವಾರ್ತೆಯನ್ನೇ ಓದಿದರೆ ಇವರು ಏನು ಮಾಡುತ್ತಾರೆ ಎಂದು ಯೋಚಿಸಿದ್ದೀರಾ? ಅಲ್ಲೇ ಕೂತು, ಒಳ್ಳೆಯ ನಾಟಕ ಎನ್ನುತ್ತಾರೆ. ಕರಾವಳಿಯ ಜನರನ್ನು ಎಚ್ಚರಿಸುವುದು ತಮ್ಮ ಉದ್ದೇಶವಾಗಿತ್ತಂತೆ. ಎಚ್ಚರವಿದ್ದವರನ್ನು ಎಬ್ಬಿಸಿದಿರಿ, ಓಡಿಸಿದಿರಿ, ಇನ್ನು ಎಂದಿಗೂ ಏಳದಂತೆ ಮಲಗಿಸಿದಿರಿ.

ತಿಳಿಯದ ಜನ, ಹಳ್ಳಿಗರು, ಕತೆಗೂ ಕಣ್ಣೆದುರಿನದಕ್ಕೂ ವ್ಯತ್ಯಾಸ ಅರಿಯದವರು ಎಂದು ತಾವು ಹೇಳಬಹುದು. ಹೇಳುವ ಮೊದಲು ಒಮ್ಮೆ ಈ ಕಡೆ ಬಂದು ಯಕ್ಷಗಾನದ ಆಟ ನೋಡಿ. ಇಲ್ಲಿ ಮೂರು ವರ್ಷದ ಕೂಸೂ ರಾಕ್ಷಸನನ್ನು ನೋಡಿದೆ. ಬೆಂಕಿ, ಹುಡಿ, ಅಬ್ಬರ ಎಲ್ಲ ನೋಡಿದೆ. ನೋಡಿ ತಾಯಿಯ ಮಡಿಲಲ್ಲೇ ಕೂತಿದೆ. ಯಾಕೆ? ಸೂರ್ಯ ಮುಳುಗುವ ಹೊತ್ತಿಗೆ ಗದ್ದೆಯಲ್ಲಿ ಚೆಂಡೆ ಬಾರಿಸಿ ಕೇಳಿ ಬಡಿಯುತ್ತಾರೆ. ಇವತ್ತು ಇಲ್ಲಿ ಆಟ ಉಂಟು ಎಂದು ನಾಲ್ಕು ಊರಿಗೆ ಕೇಳಿಸುವಂತೆ ಸಾರುತ್ತಾರೆ. ತಡವಾಗಿ ಬಂದವನಿಗೂ ಬಣ್ಣ ಕಾಣುತ್ತದೆ, ಕಿರೀಟ ಕಾಣುತ್ತದೆ, ಪಕ್ಕದಲ್ಲಿ ಕೂತು ತಾಳ ಹಾಕುವ ಭಾಗವತರು ಕಾಣುತ್ತಾರೆ. ಯಾವ ಮೇಳದವನೂ ರಾವಣನನ್ನು ಊರ ಪಟೇಲರ ಅಂಗಿ ತೊಡಿಸಿ, ಪಟೇಲರ ದನಿಯಲ್ಲಿ ಮಾತಾಡಿಸಿ, ನಟ್ಟನಡು ಬೀದಿಗೆ ಬಿಡಲಿಲ್ಲ. ತಾವು ಬಿಟ್ಟಿರಿ. ನಮಗೆ ಕತೆಯ ಗುರುತಿಲ್ಲವೆಂದಲ್ಲ, ತಮ್ಮ ಕತೆಗೆ ಗುರುತೇ ಇರಲಿಲ್ಲ. ತಮಗೆ ಅದು ಕಲೆ. ಇಲ್ಲಿ ಅದು ಬೀಸಿದ ಬಲೆ, ಸಿಕ್ಕಿಬಿದ್ದದ್ದು ಬಡವನ ತಲೆ. ಪ್ರಾಸ ಬಂದುಹೋಯಿತು, ಕ್ಷಮಿಸಿ. ಆ ಸಂಜೆಯ ಮೇಲೆ ನಾನು ಬಾಯಿಂದ ಒಂದು ಪ್ರಾಸವನ್ನೂ ಆಡಿಲ್ಲ. ಕೈ ಇನ್ನೂ ಮಾತು ಕೇಳುವುದಿಲ್ಲ.

ಮೊನ್ನೆ ಮಂಗಳವಾರ ದೇಯಿ ನಮ್ಮ ಮನೆಯ ಮೆಟ್ಟಿಲಿಗೆ ಬಂದಳು. ದಿನ ಬಂದು "ಪತ್ರ ಬಂತಾ ಮಾಸ್ಟ್ರೆ?" ಎಂದು ಕೇಳಿ ಹೋಗುವವಳು, ಮೊನ್ನೆ ಕೇಳಲಿಲ್ಲ. ಬುಟ್ಟಿ ಕೆಳಗಿಟ್ಟು ಕೂತಳು.

"ನಿಮ್ಮ ಪತ್ರ ಅವರು ಓದುದಿಲ್ಲ," ಎಂದಳು.

"ಇನ್ನೊಂದು ಬರೆಯುತ್ತೇನೆ ದೇಯಿ."

"ಬರೆಯುವುದು ಬೇಡ. ಕೂಗಿ."

"ಎಲ್ಲಿ ಕೂಗುವುದು?"

"ಅದು ನನಗೆ ಎಂತ ಗೊತ್ತು. ನೀವು ಕಲಿತವರು. ನೀವು ಹೇಳಿದ್ದಕ್ಕೆ ಅವ ಕೂಗಿದ. ನಿಮ್ಮ ಹೆಸರು ಹೇಳದೆ ಪೆಟ್ಟು ತಿಂದ. ಈಗ ಅವನಿಗೆ ಕೂಗ್ಲಿಕ್ಕೆ ಆಗ್ತದಾ?"

ನಾನು ವಕೀಲರ ಮಾತು ಹೇಳಿದೆ. ನನ್ನ ಹೆಸರು ಹೊರಗೆ ಬಂದರೆ ಪಿತೂರಿಯಾಗುತ್ತದೆ, ಅವನಿಗೆ ಇನ್ನೂ ಹೆಚ್ಚು ವರ್ಷ ಬೀಳಬಹುದು ಎಂದೆ.

"ಈಗ ಎಷ್ಟು ಬೀಳ್ತದೆ?"

"ಎರಡು ವರ್ಷ ಆಗಬಹುದು."

"ಅವನ ಎದೆಯಲ್ಲಿ ಈಗಲೇ ಕಫ ಕಟ್ಟಿ ಗೊರಗೊರ ಅಂತದೆ. ಎರಡೂ ಒಂದೇ, ನಾಲ್ಕೂ ಒಂದೇ. ಒಬ್ಬನೇ ಒಳಗೆ ಕೂತರೆ ಯಾರಿಗೂ ಕೇಳುದಿಲ್ಲ ಮಾಸ್ಟ್ರೆ." ಬುಟ್ಟಿ ಎತ್ತಿಕೊಂಡಳು. "ನೀವು ಹೆದರ್ತೀರಿ ಅಂತ ನಾನು ಯಾರಿಗೂ ಹೇಳುದಿಲ್ಲ."

ಅವಳು ಹೇಳಿದ್ದು ಸರಿ. ನಾನು ಹೆದರಿದ್ದೆ. ಹೆದರಿ ಬರೆದ ಮೂರೂ ಪತ್ರಗಳಲ್ಲಿ "ಒಬ್ಬ ಸ್ಥಳೀಯರು ವಾರ್ತೆಯನ್ನು ಅನುವಾದಿಸಿದರು" ಎಂದು ಬರೆದಿದ್ದೆ, ಆ ಸ್ಥಳೀಯರು ಯಾರೆಂದು ಬರೆದಿರಲಿಲ್ಲ. ಅದೂ ಪೊಲೀಸರಿಗೆ ತಾವು ಕೊಟ್ಟ ಉತ್ತರದ ಹಾಗೆಯೇ ಅಪ್ಪಟ ಸತ್ಯ. ಹಾಗಾಗಿ ತಮ್ಮನ್ನು ಬೈಯುವ ಅರ್ಹತೆ ನನಗೆ ಅರ್ಧವೇ ಇದೆ. ಉಳಿದರ್ಧವನ್ನು ಈ ಪತ್ರದ ಅಡಿಯಲ್ಲಿ ಹೆಸರು ಹಾಕಿ ಸಂಪಾದಿಸುತ್ತಿದ್ದೇನೆ.

ನನ್ನ ಬೇಡಿಕೆ ದೊಡ್ಡದಲ್ಲ. ಇನ್ನು ಮುಂದೆ ವಾರ್ತೆಯ ಕಂಠವನ್ನು ನಾಟಕಕ್ಕೆ ಸಾಲ ಕೊಡಬೇಡಿ. ನಾಟಕದ ನಡುನಡುವೆ, ತಡವಾಗಿ ಕಿವಿ ಕೊಟ್ಟವನಿಗೂ ತಿಳಿಯುವಂತೆ, ಇದು ಆಟ ಎಂದು ಕೇಳಿ ಬಡಿಯಿರಿ. ಇದನ್ನು ತಾವು ನಿಧಾನವಾಗಿ, ಸಮಿತಿ ಕೂಡಿಸಿ, ಚಹಾ ಕುಡಿದು ತೀರ್ಮಾನಿಸಬಹುದು. ಆದರೆ ಒಂದು ಸಾಲು ಮಾತ್ರ ಈಗಲೇ ಬೇಕು. ತಮಗೆ ಬರೆಯುವ ಶ್ರಮವೂ ಬೇಡ, ನಾನೇ ಬರೆದುಕೊಟ್ಟಿದ್ದೇನೆ: "ಅಕ್ಟೋಬರ್ ಹದಿನೈದರ ಸಂಜೆ ಆರೂಕಾಲರಿಂದ ಏಳರವರೆಗೆ ನಮ್ಮ ನಿಲಯವು ವಾರ್ತೆಯ ರೂಪದ ಒಂದು ಕಲ್ಪಿತ ನಾಟಕವನ್ನು ಪ್ರಸಾರ ಮಾಡಿತು; ಅದರಲ್ಲಿ ಪಶ್ಚಿಮ ಕರಾವಳಿಯ ಬಂದರಿಗೆ ಶತ್ರುನೌಕೆ ಬಂದುದಾಗಿ ಹೇಳಲಾಗಿತ್ತು." ಕೆಳಗೆ ತಮ್ಮ ಸಹಿ, ತಮ್ಮ ಮೊಹರು. ಪ್ರಾಸವಿಲ್ಲ, ಅಲಂಕಾರವಿಲ್ಲ. ಇಪ್ಪತ್ತಮೂರರ ಬೆಳಗ್ಗೆ ಹನ್ನೊಂದರೊಳಗೆ ಅದು ಇಲ್ಲಿನ ಕೋರ್ಟಿಗೆ ಮುಟ್ಟಬೇಕು. ಅಂಚೆಗೆ ಮೂರು ದಿನ ಹಿಡಿಯುತ್ತದೆ. ತಂತಿಗೆ ಅಷ್ಟೂ ಬೇಡ.

ಬೆನೆಡಿಕ್ಟ್ ವಕೀಲರು ಈ ಪತ್ರದ ಕರಡು ಓದಿ ಕನ್ನಡಕ ತೆಗೆದಿಟ್ಟು, "ಹೆಸರು ಮಾತ್ರ ಹಾಕ್ಬೇಡಿ ಮಾಸ್ಟ್ರೆ, ಹಿತೈಷಿ ಅಂತ ಹಾಕಿ," ಎಂದರು. ಹಾಕುತ್ತಿದ್ದೇನೆ. ಇದು ಅಚ್ಚಾದ ದಿನದಿಂದ ಈ ಪಿತೂರಿಯಲ್ಲಿ ನಾವು ಇಬ್ಬರು. ತಮ್ಮ ಸಾಲು ಬಂದರೆ ಇಬ್ಬರೂ ಹೊರಗೆ. ಬಾರದಿದ್ದರೆ ಅವನ ಪಕ್ಕದಲ್ಲಿ ನನಗೂ ಒಂದು ಚಾಪೆ ಹಾಸುತ್ತಾರೆ. ಮೊದಲ ದಿನ ನಾನು ಅವನಿಗೆ ಏನು ಹೇಳಲಿ ಎಂಬುದನ್ನಾದರೂ ದಯವಿಟ್ಟು ತಿಳಿಸಿ.

ಇಂತಿ,
ತಮ್ಮ ನಾಟಕವನ್ನು ತಮಗಿಂತ ಚೆನ್ನಾಗಿ ನಂಬಿಸಿದ ಅಪರಾಧಿ,
ಅಂಬಾಡಿ ದುಗ್ಗಪ್ಪ, ಬಿ.ಎ.,
ಕನ್ನಡ ಮಾಸ್ಟ್ರು (ಈ ಪತ್ರ ಅಚ್ಚಾಗುವವರೆಗೆ)